ಕರೆಯಲು ಯಾರೂ ಬರಲಿಲ್ಲ

ನನ್ನ ಗಂಡ ನನ್ನನ್ನು ಬಿಟ್ಟಿದ್ದ. ನನಗೆ ಹುಷಾರಿಲ್ಲದೆ ತವರಿನಲ್ಲಿ ಉಳಿದೆ ಅನ್ನುವುದು ಸುಳ್ಳು, ಅವನಿಗೆ ಪುರುಸೊತ್ತು ಸಿಗಲಿಲ್ಲ ಅನ್ನುವುದೂ ಸುಳ್ಳು. ಬಿಟ್ಟಿದ್ದ, ಅಷ್ಟೆ. ನಾಲ್ಕು ವರ್ಷ ಬಿಟ್ಟಿದ್ದು, ಬೇಕಾದಾಗ ಬಂದು ಕರೆದುಕೊಂಡು ಹೋದ. ಇದನ್ನು ನನ್ನ ಮಗಳು ಕಥೆ ಮಾಡಿದಳು. ನನ್ನ ಗಂಡುಮಕ್ಕಳು ಇದು ಆಗಿಯೇ ಇಲ್ಲ ಎನ್ನಿಸಲು ನೋಡಿದರು. ಅವರೆಲ್ಲರಿಗಿಂತ ಮೊದಲು ಇದು ಆದದ್ದು ನನಗೆ. ಅದಕ್ಕೇ ನಾನೂ ಬರೆಯುತ್ತಿದ್ದೇನೆ. ನಾಲ್ಕನೇ ಕ್ಲಾಸಿನವರೆಗೆ ಓದಿದ್ದೇನೆ. ತಪ್ಪಿದ್ದರೆ ಅಚ್ಚು ಹಾಕುವವರು ತಿದ್ದಿಕೊಳ್ಳಲಿ.

ನಮ್ಮ ಕಡೆ ಹೆಂಡತಿಯನ್ನು ಬಿಡಲು ಪಂಚಾಯಿತಿ ಬೇಕಿಲ್ಲ, ಕೋರ್ಟು ಬೇಕಿಲ್ಲ. ಗೌರಿ ಹಬ್ಬ ಸಾಕು. ಹಬ್ಬಕ್ಕೆ ತವರಿನವರು ಬಂದು ಮಗಳನ್ನು ಕರೆದುಕೊಂಡು ಹೋಗುತ್ತಾರೆ. ಹಬ್ಬ ಕಳೆದ ಮೇಲೆ ಗಂಡನ ಮನೆಯವರು ಹೂವು, ಎಲೆ ಅಡಿಕೆ ಹಿಡಿದು ಹೋಗಿ ಅವಳನ್ನು ವಾಪಸು ಕರೆಯಬೇಕು. ಕರೆಯದೆ ತಾನಾಗಿ ಬಂದ ಸೊಸೆಗೆ ನಾಯಿಗಿರುವ ಮರ್ಯಾದೆಯೂ ಇರುವುದಿಲ್ಲ. ಹಾಗಾಗಿ ಬೇಡವಾದ ಸೊಸೆಯನ್ನು ಯಾರೂ ಬೈಯುವುದಿಲ್ಲ, ಹೊಡೆಯುವುದಿಲ್ಲ. ಅವಳನ್ನು ಹಬ್ಬಕ್ಕೆ ಕಳಿಸುತ್ತಾರೆ. ಆಮೇಲೆ ಕರೆಯಲು ಯಾರೂ ಹೋಗುವುದಿಲ್ಲ. ಕೇಳಿದವರಿಗೆ ಹೇಳಲು ಒಂದಲ್ಲ ಒಂದು ಇದ್ದೇ ಇರುತ್ತದೆ: ರಾಗಿ ಕೊಯ್ಲು, ಎತ್ತಿನ ಕಾಲು ನೋವು, ಅಮಾವಾಸ್ಯೆ ಕಳೀಲಿ. ಯಾರೂ ಏನೂ ಅನ್ನದೇ ಇರುವಾಗ ಪಂಚಾಯಿತಿ ಯಾವುದರ ಮೇಲೆ ಸೇರುತ್ತದೆ?

ನನ್ನ ಗಂಡನ ಊರು ಕಡೂರು ತಾಲ್ಲೂಕಿನಲ್ಲಿ, ಎಮ್ಮೆದೊಡ್ಡಿ ಕಾವಲಿನ ಅಂಚಿಗೆ. ತವರು ಅಜ್ಜಂಪುರ. ಮದುವೆಯಾದ ಎರಡನೇ ವರ್ಷ ನನಗೆ ಹೆಣ್ಣು ಹುಟ್ಟಿತು. ಅದೇ ತಿಂಗಳು ಮಾವನಿಗೆ ಲಕ್ವಾ ಹೊಡೆಯಿತು. ಮಗುವಿನ ಕಾಲ್ಗುಣ ಎಂದಳು ಅತ್ತೆ. ಗೌರಿ ಹಬ್ಬಕ್ಕೆ ನನ್ನ ತಮ್ಮ ಕರೆಯಲು ಬಂದಾಗ ಗಂಡ ಅಂಗಳದಲ್ಲಿ ನಿಂತು, 'ಹೋಗ್ಬಾ, ಹಬ್ಬ ಮುಗೀಲಿ, ಬಂದು ಕರ್ಕೊಂಡು ಬತ್ತೀನಿ' ಎಂದ. ಹಾಗೆನ್ನುತ್ತಾ ನೇಗಿಲಿಗೆ ಹಗ್ಗ ಬಿಗಿಯುತ್ತಿದ್ದ. ತಲೆ ಎತ್ತಲಿಲ್ಲ.

ಒಂದು ಗೌರಿ ಹಬ್ಬ ಹೋಗಿ ಇನ್ನೊಂದು ಬಂತು. ನನ್ನ ಅಪ್ಪ ಹೋಗಿ ಕೇಳಲಿಲ್ಲ. 'ಹೆಣ್ಣು ಕೊಟ್ಟೋರು ನಾವು. ನಾವಾಗೇ ಹೋಗಿ ಕೇಳಿದ್ರೆ ಮಗಳ ಬೆಲೆ ಏನು ಉಳೀತೈತೆ?' ಎನ್ನುತ್ತಿದ್ದ. ಕೇಳದಿದ್ದುದರಿಂದ ನನ್ನ ಬೆಲೆ ಎಷ್ಟಕ್ಕೆ ಏರಿತೋ ನನಗೆ ಗೊತ್ತಿಲ್ಲ.

ನಾನು ಈರುಳ್ಳಿ ಮಂಡಿಗೆ ಕೂಲಿಗೆ ಹೋದೆ. ಈರುಳ್ಳಿಯ ಬಾಲ ಕೊಯ್ಯುವುದು, ದಪ್ಪದ್ದು ಸಣ್ಣದ್ದು ಬೇರೆ ಮಾಡುವುದು. ಸಾಲಾಗಿ ಕೂತ ಹೆಂಗಸರು ತಮ್ಮ ಗಂಡಂದಿರನ್ನೆಲ್ಲ ಆಡಿಕೊಂಡು ನಗುತ್ತಿದ್ದರು. ನಾನೂ ನಕ್ಕಿದ್ದೇನೆ. ಮಗುವನ್ನು ಚೀಲದ ಮೇಲೆ ಮಲಗಿಸಿರುತ್ತಿದ್ದೆ. ಶನಿವಾರ ಬಟವಾಡೆಯಾದಾಗ ನನ್ನ ದುಡ್ಡು ನನ್ನ ಸೆರಗಿನಲ್ಲೇ ಇರುತ್ತಿತ್ತು. ನನ್ನ ಜೀವನದಲ್ಲಿ ಕಣ್ತುಂಬ ನಿದ್ದೆ ಮಾಡಿದ್ದು ಆ ನಾಲ್ಕು ವರ್ಷ.

ಐದನೇ ವರ್ಷ ಅವನು ಬಂದ. ಹೂವು, ಎಲೆ ಅಡಿಕೆ, ಒಂದು ಹಸಿರು ಸೀರೆ ತಂದಿದ್ದ. ಮಾವ ಸತ್ತು ವರ್ಷವಾಗಿತ್ತು, ಈಗ ಅತ್ತೆ ಹಾಸಿಗೆ ಹಿಡಿದಿದ್ದಳು. ಅವಳನ್ನು ಎತ್ತಿ ಕೂರಿಸಲು, ಮಲಗಿದಲ್ಲೇ ಆದದ್ದನ್ನು ಬಳಿದು ಹಾಕಲು ಜನ ಬೇಕಿತ್ತು. ನನ್ನ ಅಪ್ಪ ಅವನ ಕಾಲಿಗೆ ನೀರು ಕೊಟ್ಟ. ನಾನು ಹಿತ್ತಲಿಗೆ ಹೋಗಿ ಅವ್ವನಿಗೆ ಹೇಳಿದೆ.

'ನಾ ಹೋಗಲ್ಲ ಕಣವ್ವ.'

'ಕರೆಯೋಕೆ ಬಂದವ್ನೆ ಕಣೇ. ಇನ್ನೇನು ಬೇಕು ನಿಂಗೆ?'

'ಏನೂ ಬೇಡ. ಹೋಗಲ್ಲ.'

'ಬಾಯ್ಮುಚ್ಚು. ನಿಮ್ಮಪ್ಪ ಕೇಳಿಸ್ಕೊಂಡಾನು.'

ಊಟವಾದ ಮೇಲೆ ಗಂಡ ಇನ್ನೊಂದು ಮಾತು ಹೇಳಿದ: 'ಮಗು ಇಲ್ಲೇ ಇರ್ಲಿ. ನಮ್ಮವ್ವಂಗೆ ಆಗಿಬರಲ್ಲ.' ನನ್ನ ಮಗಳು ಅಲ್ಲೇ ಉಳಿದಳು. ನಾನು ಹೋದೆ. ಅತ್ತೆಯದನ್ನು ಎರಡು ವರ್ಷ ಬಳಿದೆ. ಗಂಡುಮಕ್ಕಳು ಇಬ್ಬರು ಹುಟ್ಟಿದರು. ಆಮೇಲೆ ನನ್ನ ಗಂಡ ಊರಿನ ಹಾಲಿನ ಸೊಸೈಟಿಗೆ ಅಧ್ಯಕ್ಷನಾದ, ದೊಡ್ಡ ಮನುಷ್ಯನಾದ, ಸತ್ತ. ಸೊಸೈಟಿಯ ಗೋಡೆಯ ಮೇಲೆ ಅವನ ಫೋಟೋ ಇದೆ. ಹಾರ ಒಣಗಿದರೆ ದೊಡ್ಡ ಮಗ ಬದಲಾಯಿಸುತ್ತಾನೆ. ಈಗ ಅವನೇ ಅಲ್ಲಿ ಅಧ್ಯಕ್ಷ.

ಮಗಳು ಅಜ್ಜಂಪುರದಲ್ಲೇ ಬೆಳೆದಳು. ನನ್ನ ತಮ್ಮ ಓದಿಸಿದ. ತರೀಕೆರೆಯಲ್ಲಿ ಹೈಸ್ಕೂಲಿಗೆ ಟೀಚರಾಗಿ, ಅಲ್ಲೇ ಮದುವೆಯಾಗಿ, ಅಲ್ಲೇ ಉಳಿದಳು. ಅವಳು ಕಥೆ ಬರೆಯುತ್ತಾಳೆ ಎಂದು ನನಗೆ ಬಹಳ ದಿನ ಗೊತ್ತಿರಲಿಲ್ಲ. ಅವಳ ಮನೆಗೆ ಹೋದಾಗ ನೋಡಿದೆ: ಪಾತ್ರೆ ತೊಳೆದಿಟ್ಟು, ಮಾರನೇ ದಿನದ ಹಿಟ್ಟು ರುಬ್ಬಿಟ್ಟು, ಅಡುಗೆಮನೆಯ ಕಟ್ಟೆಯ ಮೇಲೇ ಹಾಳೆ ಇಟ್ಟುಕೊಂಡು ನಿಂತೇ ಬರೆಯುತ್ತಾಳೆ. ಕೂತರೆ ಯಾರಾದರೂ ಏನಾದರೂ ಕೇಳುತ್ತಾರಂತೆ; ನಿಂತಿದ್ದರೆ ಅಡುಗೆ ಮಾಡುತ್ತಿದ್ದಾಳೆ ಎಂದು ಸುಮ್ಮನಿರುತ್ತಾರಂತೆ. ಅಳಿಯ ಕೆಟ್ಟವನಲ್ಲ, ಆದರೆ ಬಂದವರ ಮುಂದೆ ಆಡಿಕೊಳ್ಳುತ್ತಾನೆ: 'ಮೇಡಂನೋರು ಹೆಣ್ಣಿನ ಗೋಳು ಬರೀತಾವ್ರೆ, ನಂಗೆ ಸೀದ ಸಾರು.' ಅವಳು ನಗುತ್ತಾಳೆ. ಆ ನಗು ನನಗೆ ಗುರುತಿದೆ, ನನ್ನದೇ ಅದು.

ಬರೆಯುವಾಗ ಅವಳು ನನಗೆ ಫೋನ್ ಮಾಡುತ್ತಿದ್ದಳು. ಬಾಣಂತಿಗೆ ಏನು ಹೊಗೆ ಹಾಕುತ್ತಿದ್ದರು, ಹೆಣ ಎತ್ತುವಾಗ ಯಾರು ಮುಂದೆ ನಡೆಯುತ್ತಾರೆ, ಇಂಥವು. ನಾನು ಹೇಳುತ್ತಿದ್ದೆ. ಒಂದು ಸಲ 'ಅಪ್ಪ ನಿನ್ನ ಕರೆಯೋಕೆ ಯಾಕೆ ಬರ್ಲಿಲ್ಲ ಅವ್ವ?' ಎಂದು ಕೇಳಿದಳು. ಅದನ್ನೂ ಹೇಳಿದೆ. ಕೇಳಿದ್ದಕ್ಕೆ ಹೇಳಿದೆ, ಕೇಳದೇ ಇದ್ದದ್ದನ್ನು ಹೇಳಲಿಲ್ಲ. ಈರುಳ್ಳಿ ಮಂಡಿಯ ನಗುವನ್ನು ಅವಳು ಕೇಳಲಿಲ್ಲ.

ಅವಳ ಮೊದಲ ಎರಡು ಪುಸ್ತಕಗಳನ್ನು ನಮ್ಮ ಮನೆಯಲ್ಲಿ ಯಾರೂ ಓದಲಿಲ್ಲ. ಒಂದು, ಸೊಸೆಯ ಮಿಕ್ಸಿಯ ಕೆಳಗೆ ಅಲ್ಲಾಡದಂತೆ ಇಟ್ಟಿತ್ತು. ಮೂರನೆಯದಕ್ಕೆ ಬಹುಮಾನ ಬಂತು. ಕಡೂರಿನಲ್ಲಿ ಸಭೆ ಮಾಡಿ ಶಾಲು ಹೊದಿಸಿದರು, ಹಣ್ಣಿನ ಬುಟ್ಟಿ ಕೊಟ್ಟರು. ನಾನೂ ಹೋಗಿದ್ದೆ. ಅವಳು ಮೈಕಿನ ಮುಂದೆ, ಹೆಂಗಸರು ತಮ್ಮ ಬಾಯಿಂದ ತಮ್ಮ ಬದುಕನ್ನು ಹೇಳಬೇಕು ಎಂದಳು. ಚಪ್ಪಾಳೆ ಬಿತ್ತು. ಆಮೇಲೆ ಇಬ್ಬರು ಹೆಂಗಸರು ನನ್ನ ಕೈ ಹಿಡಿದುಕೊಂಡು ಅತ್ತರು. ಒಬ್ಬಳು, 'ಅಜ್ಜಿ, ದಿನಾ ಸಂಜೆ ಬೇಲಿ ಹತ್ರ ನಿಂತು ಬಸ್ಸಿನ ದಾರಿ ಕಾಯ್ತಿದ್ರಲ್ಲ, ಅದನ್ನ ಓದಿ ನಂಗೆ ನಿದ್ದೇನೇ ಬರ್ಲಿಲ್ಲ' ಎಂದಳು. ನಮ್ಮ ತವರುಮನೆಗೆ ಬೇಲಿಯೇ ಇರಲಿಲ್ಲ. ಕೈ ಬಿಡಿಸಿಕೊಂಡೆ. ಹಣ್ಣಿನ ಬುಟ್ಟಿ ಹೊರುವುದಿತ್ತು.

ಆ ಕಥೆಯ ನಾಲ್ಕು ಪುಟಗಳ ಫೋಟೋ ತೆಗೆದು ಯಾರೋ ನೆಂಟರ ವಾಟ್ಸಾಪಿಗೆ ಹಾಕಿದರು. ನನ್ನ ಗಂಡುಮಕ್ಕಳು ಓದಿದ್ದು ಆ ನಾಲ್ಕು ಪುಟ ಮಾತ್ರ. ದೊಡ್ಡವನು ಫೋನು ಹಿಡಿದು ಕೊಟ್ಟಿಗೆಯವರೆಗೆ ಬಂದ.

'ಇದೇನವ್ವ ಇದು? ನಮ್ಮಪ್ಪ ಕಟುಕನಾ?'

'ಹಾಗಂತ ಬರೆದೈತಾ?'

'ಹೆಂಡ್ತೀನ ಹಬ್ಬಕ್ಕೆ ಕಳಿಸಿ ಕೈ ತೊಳ್ಕೊಂಡ ಅಂತ ಬರೆದೈತೆ. ಹೆಸರಿಲ್ಲ. ಹೆಸರು ಯಾಕೆ ಬೇಕು? ಸೊಸೈಟಿಗೆ ಹಾಲು ಹಾಕೋ ಮುಕಳಿ ತೊಳೆಯದ ಹೈದ್ರೆಲ್ಲ ಗೋಡೆ ಮೇಲಿನ ಅಪ್ಪನ ಫೋಟೋ ನೋಡಿ ಹಲ್ಲು ಕಿರಿತಾವ್ರೆ.'

ಅವನು ಅಕ್ಕನಿಗೆ ಒಂದು ಮಾತೂ ಬೈಯಲಿಲ್ಲ. ಆ ವರ್ಷದ ಗೌರಿ ಹಬ್ಬಕ್ಕೆ ತರೀಕೆರೆಗೆ ಬಾಗಿನ ಹೋಗಲಿಲ್ಲ, ಅಷ್ಟೆ. ಯಾಕೆ ಎಂದರೆ, ಕೊಬ್ಬರಿ ಸುಲಿಯುವ ಕೆಲಸವಂತೆ. ಚಿಕ್ಕವನು ಅಣ್ಣನ ನೆರಳು. ಅವನು ಅಣ್ಣನ ಮುಖ ನೋಡಿ ತಾನೂ ಹೋಗಲಿಲ್ಲ.

ಮಗಳು ಲೆಕ್ಕಕ್ಕೆ ಇಟ್ಟಿಲ್ಲ ಎಂದು ತೋರಿಸಿಕೊಂಡಳು. ಆದರೆ ಮುಂದಿನ ವರ್ಷ ಅವಳ ಮಗಳಿಗೆ, ನನ್ನ ಮೊಮ್ಮಗಳಿಗೆ, ಮದುವೆ ಗೊತ್ತಾಯಿತು. ನಮ್ಮಲ್ಲಿ ಹುಡುಗಿಯನ್ನು ಸೋದರಮಾವ ಎತ್ತಿಕೊಂಡು ಮಂಟಪಕ್ಕೆ ತರಬೇಕು. ಸೀರೆ ಅವನದ್ದೇ. ಬೇರೆ ಯಾರು ಎತ್ತಿದರೂ ಗಂಡಿನ ಕಡೆಯವರು ಎಲೆಯ ಮುಂದೆ ಕೂತು ಕೇಳುತ್ತಾರೆ: ತಾಯಿಗೆ ತವರಿಲ್ಲವಾ? ಮೊಮ್ಮಗಳು ಮದುವೆಯಾಗಿ ಹೋಗುವ ಮನೆಯಲ್ಲಿ ಆ ಮಾತು ಅವಳ ತಟ್ಟೆಗೆ ದಿನಾ ಬೀಳುತ್ತದೆ.

ಮಗಳು ತಮ್ಮಂದಿರಿಗೆ ಫೋನ್ ಮಾಡಿದಳು. ದೊಡ್ಡವನು, 'ನೆಂಟರ ಮುಂದೆ ಅವ್ವನ ಬಾಯಲ್ಲಿ ಹೇಳಿಸು, ಅದೆಲ್ಲ ಸುಳ್ಳು ಅಂತ. ಎತ್ತಿಕೊಂಡು ಬತ್ತೀವಿ, ಇಬ್ರೂ ಬತ್ತೀವಿ' ಎಂದನಂತೆ. ಭಾನುವಾರ ನೆಂಟರನ್ನು ಸೇರಿಸುವುದೆಂದಾಯಿತು. ಅವಳು ಶನಿವಾರವೇ ಬಂದಳು. ನಾನು ಹಿತ್ತಲಲ್ಲಿ ಅವರೆಕಾಯಿ ಸುಲಿಯುತ್ತಿದ್ದೆ. ಪಕ್ಕದಲ್ಲಿ ಕೂತು ತಾನೂ ಸುಲಿಯಲು ಶುರು ಮಾಡಿದಳು. ಅವಳು ಸುಲಿದದ್ದರಲ್ಲಿ ಹುಳದ ಕಾಳು ನನ್ನ ಮೊರಕ್ಕೆ ಬೀಳುತ್ತಿತ್ತು.

'ಅವ್ವ, ಒಂದ್ಸಲ ಹೇಳ್ಬಿಡು. ಹುಷಾರಿಲ್ದೆ ತವರಲ್ಲಿ ಇದ್ದೆ, ಇವಳು ಕಥೆ ಕಟ್ಟವಳೆ ಅಂತ.'

'ನೀನೇ ಹೇಳು. ಬರೆದೋಳು ನೀನು.'

'ನಾನು ಹೇಳಿದ್ರೆ ನಂಬಲ್ಲ. ನಿನ್ನ ಬಾಯಲ್ಲೇ ಬೇಕಂತೆ.'

'ಕಡೂರಲ್ಲಿ ಮೈಕ್ ಹಿಡಿದು ಏನಂದೆ? ಹೆಂಗಸ್ರು ಬಾಯಿ ಬಿಡ್ಬೇಕು ಅಂತ. ಈಗ ನಿಮ್ಮವ್ವನ ಬಾಯಿಗೆ ಬಟ್ಟೆ ತುರುಕೋಕೆ ಬಂದಿದ್ದೀಯಾ?'

'ಭಾಷಣ ಬೇರೆ, ಮದುವೆ ಬೇರೆ ಕಣವ್ವ. ಅದರ ಮುಖ ನೋಡು. ಅದೇನು ತಪ್ಪು ಮಾಡೈತೆ?'

ಮೊಮ್ಮಗಳ ಮುಖ ನನಗೆ ಎದುರಿಗೇ ಬಂತು. 'ನೋಡಾನ' ಎಂದೆ. ಹೇಳಬೇಕೆಂದೇ ಮನಸ್ಸು ಮಾಡಿದ್ದೆ. ಒಂದು ಸುಳ್ಳಿಗೆ ನಾಲಿಗೆಯೇನು ಸವೆಯುವುದಿಲ್ಲ. ನನ್ನ ಗಂಡನಿಗಾಗಿ ಎಷ್ಟೋ ಹೇಳಿದ್ದೇನೆ.

ಭಾನುವಾರ ಜಗುಲಿಯ ತುಂಬ ಜನ. ನನ್ನ ನಾದಿನಿ, ಅಂದರೆ ಗಂಡನ ತಂಗಿ, ಕೋಲೂರಿಕೊಂಡು ಬಂದಿದ್ದಳು. ದಾಯಾದಿಗಳು, ಅವರ ಮಕ್ಕಳು, ಎಲ್ಲರಿಗೂ ಕಾಫಿ ಆಯಿತು. ಮಗಳು ಕಂಬಕ್ಕೆ ಒರಗಿ ಕೆಳಗೆ ಕೂತಿದ್ದಳು. ಅವಳಿಗೆ ಕಾಫಿ ಕೊನೆಯಲ್ಲಿ ಬಂತು, ತಣ್ಣಗಾಗಿತ್ತು. ದೊಡ್ಡ ಮಗ ಎದ್ದು ನಿಂತ. ಅವನಿಗೆ ಸೊಸೈಟಿಯ ಸಭೆ ನಡೆಸಿ ಅಭ್ಯಾಸ.

'ಅವ್ವನೇ ಹೇಳ್ತಾಳೆ. ಅದಕ್ಕೆ ಮೊದಲು ನಾನೊಂದು ಮಾತು ಹೇಳ್ಬಿಡ್ತೀನಿ. ನಮ್ಮಪ್ಪ ದೇವರಂಥ ಮನುಷ್ಯ. ಒಂದ್ಸಲ ಅಲ್ಲ, ಮೂರು ನಾಕು ಸಲ ಅಜ್ಜಂಪುರಕ್ಕೆ ಕರೆಯೋಕೆ ಹೋಗಿದ್ರು. ಬಾಗಿಲಲ್ಲಿ ನಿಂತು ಕೈ ಮುಗಿದ್ರು. ಅವ್ವನೇ ತವರಿನ ರುಚಿ ಹತ್ತಿ ಬರ್ಲಿಲ್ಲ. ಅಲ್ವೇನಕ್ಕ? ನಿಂಗೂ ಗೊತ್ತಲ್ಲ?'

ಇದು ಶನಿವಾರದ ಮಾತಿನಲ್ಲಿ ಇರಲಿಲ್ಲ. ನಾನು ಮಗಳ ಮುಖ ನೋಡಿದೆ. ಅವಳು ನೆಲ ನೋಡುತ್ತಾ, 'ಹೂಂ' ಎಂದಳು.

ಗಂಡ ಬಿಟ್ಟಿರಲಿಲ್ಲ ಎನ್ನಲು ನಾನು ತಯಾರಿದ್ದೆ. ಅವನು ಬಂದು ಕೈ ಮುಗಿದ, ನಾನು ಒದ್ದೆ ಎನ್ನಲು ತಯಾರಿರಲಿಲ್ಲ. ಕೂತಲ್ಲಿಂದಲೇ ಹೇಳಿದೆ.

'ನಿಮ್ಮಪ್ಪ ಒಂದ್ಸಲಾನೂ ಬರ್ಲಿಲ್ಲ ಕಣೋ. ನಾಕು ವರ್ಷ ಬರ್ಲಿಲ್ಲ. ನಿಮ್ಮಜ್ಜಿ ಹೇಲು ಬಾಚೋಕೆ ಯಾರೂ ಸಿಗದೆ ಇದ್ದಾಗ ಬಂದ. ತವರಿನ ರುಚಿ ಹತ್ತಿದ್ದು ನಿಜ, ಅದೊಂದು ಸರಿಯಾಗಿ ಹೇಳ್ದೆ. ನಾ ಬರಲ್ಲ ಅಂದೆ. ನಮ್ಮಪ್ಪ ದಬ್ಬಿ ಕಳಿಸ್ದ. ನೀವಿಬ್ರು ಹುಟ್ಟಿದ್ದು ಆಮೇಲೆ. ನನ್ನ ಕೇಳಿದ್ದಿದ್ರೆ ನಾನು ಈರುಳ್ಳಿ ಕುಯ್ಕೊಂಡು ಅಲ್ಲೇ ಇರ್ತಿದ್ದೆ. ನಿಮ್ಮನ್ನ ಹೆರೋ ಆಸೆ ನಂಗೇನೂ ಇರ್ಲಿಲ್ಲ.'

ಚಿಕ್ಕವನು ಕಾಫಿ ಲೋಟ ಕೆಳಗಿಟ್ಟ. ಅದು ಉರುಳಿತು. ಯಾರೂ ಎತ್ತಲಿಲ್ಲ.

ನಾದಿನಿ ಕೋಲು ಕುಟ್ಟಿದಳು. 'ಸತ್ತೋರ ಮೇಲೆ ಯಾಕೆ ಅತ್ತಿಗೆ ಮಣ್ಣು ಹಾಕ್ತೀಯ?'

'ಸತ್ತೋರ ಮೇಲಲ್ದೆ ಇನ್ಯಾರ ಮೇಲೆ ಹಾಕ್ತಾರಮ್ಮ?'

ಹಿಂದೆ ಕೂತಿದ್ದ ಯಾವನೋ ನಕ್ಕು, ಕೆಮ್ಮಿ ಮುಚ್ಚಿಕೊಂಡ. ನಾನು ಮಗಳ ಕಡೆ ತಿರುಗಿದೆ. ಶುರು ಮಾಡಿದ ಮೇಲೆ ಅರ್ಧಕ್ಕೆ ನಿಲ್ಲಿಸುವುದು ನನಗೆ ಬರುವುದಿಲ್ಲ.

'ನೀನೂ ಕೇಳು. ನಾನು ಬೇಲಿ ಹತ್ರ ನಿಂತು ಯಾವನ ದಾರೀನೂ ಕಾಯ್ಲಿಲ್ಲ. ಬಸ್ಸಲ್ಲಿ ಕೂತು ಅಳ್ಲೂ ಇಲ್ಲ. ಅದು ನೀನು ಕಟ್ಟಿದ್ದು. ನಿನ್ನ ಶಾಲಿಗೆ ಅಳೋ ಹೆಂಗಸು ಬೇಕಿತ್ತು.'

ದೊಡ್ಡವನ ಮುಖ ಕಪ್ಪಿಟ್ಟಿತು. ಅವನು ಕೂಗಾಡಲಿಲ್ಲ. 'ಎಲ್ರೂ ಊಟ ಮಾಡ್ಕೊಂಡು ಹೋಗಿ' ಎಂದ. ಆಮೇಲೆ ಅಕ್ಕನ ಕಡೆ ನೋಡದೆ, 'ತರೀಕೆರೆ ಮದುವೆಗೆ ಈ ಮನೆಯಿಂದ ಯಾರೂ ಬರಲ್ಲ' ಎಂದು ಹೇಳಿ ಒಳಗೆ ಹೋದ. ಚಿಕ್ಕವನು ಬೈಕು ಹತ್ತಿ ಕಡೂರಿಗೆ ಹೋದ. ಅವನ ಸಂಸಾರ ಅಲ್ಲೇ, ಮೋಟಾರ್ ವೈಂಡಿಂಗ್ ಅಂಗಡಿಯೂ ಅಲ್ಲೇ.

ಮಗಳು ಊಟಕ್ಕೆ ಕೂರಲಿಲ್ಲ. ಬ್ಯಾಗು ಹೆಗಲಿಗೆ ಹಾಕಿಕೊಂಡು ಹೊರಟಳು. ನಾನು ರಸ್ತೆಯವರೆಗೆ ಹೋದೆ.

'ನನ್ನ ಮಗಳ ಮದುವೆ ಕೆಡಿಸ್ದೆ. ಸಮಾಧಾನ ಆಯ್ತಾ?'

'ಹೂಂ ಅಂದೋಳು ನೀನು.'

'ಅಂದೆ. ಯಾರಿಗೋಸ್ಕರ ಅಂದೆ?' ರಸ್ತೆಯ ಕಡೆಗೆ ಮುಖ ಮಾಡಿಕೊಂಡೇ ಕೇಳಿದಳು: 'ನನ್ನ ಅಲ್ಲಿ ಬಿಟ್ಟು ಹೋಗೋವಾಗ ನೀನು ಅಳಲೇ ಇಲ್ವಾ ಅವ್ವ?'

'ಇಲ್ಲ.'

'ಒಂದ್ಸಲಾನೂ?'

'ಇಲ್ಲ ಕಣೇ. ನೀನು ಇಲ್ಲಿಗೆ ಬಂದಿದ್ರೆ ಸಗಣಿ ಎತ್ಕೊಂಡು ಇರ್ತಿದ್ದೆ. ನಮ್ಮತ್ತೆ ನಿನ್ನ ತುಳಿದು ಹಾಕೋಳು. ಅಲ್ಲಿ ಅನ್ನ ಇತ್ತು, ಸ್ಕೂಲಿತ್ತು. ಅಳೋಕೆ ಏನಿತ್ತು?'

ಅವಳು ನನ್ನನ್ನು ನೋಡಿದಳು. ಅರವತ್ತರ ಹತ್ತಿರ ಬಂದ ಹೆಂಗಸು, ಕೂದಲಿಗೆ ಬಣ್ಣ ಹಚ್ಚಿಕೊಂಡವಳು, ಸಭೆಗಳಲ್ಲಿ ಹಾರ ಹಾಕಿಸಿಕೊಂಡವಳು. ಚೀಲದ ಮೇಲಿಂದ ಎದ್ದು ನನ್ನನ್ನು ಹುಡುಕುತ್ತಿದ್ದ ಮಗುವಿನ ಮುಖ ಅದು. ಪುಸ್ತಕದಲ್ಲಿ ಅವಳು ನಾನು ಅಳುವಂತೆ ಬರೆದದ್ದು ಓದುವವರಿಗಾಗಿ ಅಲ್ಲ, ತನಗಾಗಿ ಎಂದು ಆಗ ತಿಳಿಯಿತು. ಆಟೋ ಬಂತು. ಹತ್ತಿದಳು. ಇವತ್ತಿನವರೆಗೂ ಅವಳು ನನ್ನ ಜೊತೆ ಮಾತಾಡಿಲ್ಲ. ಬರೆಯುವುದು ನಿಲ್ಲಿಸಿದ್ದಾಳೋ ಇಲ್ಲವೋ ಗೊತ್ತಿಲ್ಲ. ಯಾವುದನ್ನು ಹೇಗೆ ಮಾಡುತ್ತಿದ್ದರು ಎಂದು ಕೇಳುವ ಫೋನು ಬಂದಿಲ್ಲ.

ಮಾರನೇ ದಿನ ಬೆಳಿಗ್ಗೆ ನಾನು ಮೊದಲ ಬಸ್ಸಿಗೆ ಕಡೂರಿಗೆ ಹೋದೆ. ಚಿಕ್ಕವನ ಅಂಗಡಿ ಆಗಲೇ ತೆಗೆದಿತ್ತು. ಬೋರ್‌ವೆಲ್ ಮೋಟಾರು ಸುಟ್ಟುಕೊಂಡ ನಾಲ್ಕಾರು ಜನ ರೈತರು ಬೆಂಚಿನ ಮೇಲೆ ಬೀಡಿ ಸೇದುತ್ತಾ ಕಾಯುತ್ತಿದ್ದರು. ಸರಿದು ಜಾಗ ಕೊಟ್ಟರು. ಕೂತೆ.

'ಏನವ್ವ, ಇಷ್ಟೊತ್ತಿಗೇ?' ಮಗ ತಾಮ್ರದ ತಂತಿ ಸುತ್ತುವುದನ್ನು ನಿಲ್ಲಿಸಲಿಲ್ಲ.

'ಅಂಗಿ ಹಾಕ್ಕೋ. ನಿಮ್ಮಕ್ಕನ ಮನೆಗೆ ಹೋಗಿ, ಎತ್ಕೊಂಡು ಬರೋನು ನಾನೇ ಅಂತ ಹೇಳಿ ಬಾ.'

'ಅಣ್ಣ ಬೈತಾನೆ ಕಣವ್ವ.'

'ಬೈಲಿ. ಅವನ ಸೊಂಟ ಹಿಡ್ಕೊಂಡೈತೆ, ಅವನ ಕೈಲಿ ಹುಡುಗಿ ಎತ್ತೋಕೂ ಆಗಲ್ಲ. ನಿಂಗೆ ಆಗ್ತದೆ.'

'ನಿನ್ನೆ ಅಷ್ಟು ಮಾತಾಡಿ, ಹೆರೋ ಆಸೆ ಇರ್ಲಿಲ್ಲ ಅಂತ ಹೇಳಿ, ಈಗ ಬಂದು ಅಂಗಿ ಹಾಕ್ಕೋ ಅಂತೀಯಲ್ಲ?' ಅವನ ಕಣ್ಣು ಕೆಂಪಗಿತ್ತು. ರಾತ್ರಿ ನಿದ್ದೆ ಮಾಡಿರಲಿಲ್ಲ.

'ಆಸೆ ಇಲ್ದೆ ಹೆತ್ತೆ. ಹಾಲು ಕುಡಿಸ್ಲಿಲ್ವಾ? ನೀನೂ ಆಸೆ ಇಲ್ದೇ ಹೋಗು. ಹೋದ್ರೆ ಸಾಕು.'

ರೈತರ ಬೀಡಿ ನಿಂತಿತ್ತು. ಒಬ್ಬ ಮುಂದೆ ಬಗ್ಗಿದ. 'ಏನಜ್ಜಿ ಸಮಾಚಾರ?'

'ಹೇಳ್ತೀನಿ ಕೇಳಪ್ಪ' ಎಂದೆ. 'ಇವರಪ್ಪ ಇದ್ದ ನೋಡು, ಸೊಸೈಟಿ ಅಧ್ಯಕ್ಷ…'

ಮಗ ತಂತಿ ಬಿಸಾಕಿ ಎದ್ದ. 'ಸಾಕು ಸುಮ್ನಿರವ್ವ! ಬತ್ತೀನಿ!'

ಮೊಳೆಗೆ ನೇತುಹಾಕಿದ್ದ ಅಂಗಿ ತೆಗೆದುಕೊಂಡು, ಶಟರು ಅರ್ಧ ಎಳೆದ. ಮೊದಲು ಅವನನ್ನು ಬಟ್ಟೆ ಅಂಗಡಿಗೆ ಕರೆದುಕೊಂಡು ಹೋದೆ. ಸೋದರಮಾವನ ಸೀರೆ ಅವನೇ ಆರಿಸಬೇಕು. ಅವನು ಕೆಳಗಿನ ಕಪಾಟಿನ ಅಗ್ಗದ್ದಕ್ಕೆ ಕೈ ಹಾಕಿದ. ಅಂಗಡಿಯವನ ಮುಂದೆಯೇ ಕೈ ಮೇಲೆ ಹೊಡೆದೆ. ಮೇಲಿನದು ತೆಗೆಸಿದ.

ಆಮೇಲೆ ಬಸ್ ಸ್ಟ್ಯಾಂಡಿಗೆ ಹೋಗಿ ತರೀಕೆರೆ ಬಸ್ಸಿನಲ್ಲಿ ಕಿಟಕಿಯ ಪಕ್ಕ ಕೂರಿಸಿದೆ, ಸೀರೆಯ ಚೀಲವನ್ನು ತೊಡೆಯ ಮೇಲಿಟ್ಟೆ. 'ನೀನೂ ಬಾ' ಎಂದ. 'ನಂಗೆ ಅಲ್ಲಿ ಕೆಲ್ಸ ಇಲ್ಲ' ಎಂದು ಇಳಿದೆ. ಅವನು ಮನಸ್ಸು ಬದಲಾಯಿಸಿ ಇಳಿದುಬಿಡುವ ಆಸಾಮಿ. ಡ್ರೈವರು ಟೀ ಕುಡಿದು ಬಂದು ಬಸ್ಸು ಹೊರಡಿಸುವವರೆಗೂ ನಾನು ಬಾಗಿಲಿಗೆ ಅಡ್ಡ ನಿಂತಿದ್ದೆ.